ಮಿಂಚುಳ್ಳಿಯೊಳಗಿನ ಮನೆ

ಪ್ರೆಸ್ಸಿನಜ್ಜ ದೇವರಲ್ಲಿ ಹೆಚ್ಚಿಗೆ ಏನನ್ನೂ ಬೇಡಿದವನಲ್ಲ. ಕೊಟ್ಟದ್ದನ್ನು ಕಣ್ಣಿಗೊತ್ತಿಕೊಂಡು, ಕೊಡದಿದ್ದುದನ್ನು ಅವನ ಚಿತ್ತವೆಂದು ಬಿಟ್ಟು, ಬಾಳಿನ ಬಹುಭಾಗವನ್ನು ಶಾಯಿಯ ವಾಸನೆಯಲ್ಲೇ ಕಳೆದವನು. ಹೆಂಡತಿ ಹಾಸಿಗೆ ಹಿಡಿದಾಗ ಮಾತ್ರ ಬಾಯಿಬಿಟ್ಟು ಬೇಡಿದ. ಅದು ನಡೆಯಲಿಲ್ಲ. ಅವಳು ಹೋದಳು. ಅದಕ್ಕೂ ಆತ ದೇವರ ಮೇಲೆ ಮುನಿಸಿಕೊಳ್ಳಲಿಲ್ಲ. ಮುನಿದು ಇನ್ನೆಲ್ಲಿಗೆ ಹೋಗುವುದು? ಈಗ ಬೆಳಿಗ್ಗೆ ಎದ್ದು ಕೈಮುಗಿದು ಕೂತರೆ ಬಾಯಿಗೆ ಬರುತ್ತಿದ್ದುದು ಒಂದೇ ಮಾತು: ಅವಳು ಬರೆದ ಕೊನೆಯ ಚಿತ್ರ ತೆರೆಯುವ ಹಾಗೆ ಮಾಡಪ್ಪ, ಒಂದು ಸಲ ನೋಡಿಬಿಡುತ್ತೇನೆ.

ಕೇಳಿದವರಿಗೆ ಇದೇನು ಬೇಡಿಕೆ ಎನ್ನಿಸಬಹುದು. ಆದರೆ ಆ ಚಿತ್ರ ಗೋಡೆಗೆ ತೂಗುಹಾಕಿದ್ದಲ್ಲ, ಪೆಟ್ಟಿಗೆಯಲ್ಲಿ ಸುರುಳಿ ಸುತ್ತಿಟ್ಟಿದ್ದಲ್ಲ. ಕಂಪ್ಯೂಟರಿನಲ್ಲಿ ಬರೆದದ್ದು. ಅದನ್ನು ಬರೆಯಲು ಬಳಸಿದ ಪ್ರೋಗ್ರಾಮು ಈಗ ಎಲ್ಲಿಯೂ ಮಾರಾಟಕ್ಕಿಲ್ಲ, ಮಾಡಿದವರೇ ಕೈಬಿಟ್ಟಿದ್ದಾರೆ. ಚಿತ್ರವಿದೆ, ಬಾಗಿಲಿಗೆ ಬೀಗ ಬಿದ್ದಿದೆ, ಬೀಗದ ಕೈ ಮಾಡುವವನೇ ಊರು ಬಿಟ್ಟುಹೋಗಿದ್ದಾನೆ ಎಂದರೆ ಹೇಗೋ ಹಾಗೆ.

ಮನೆಯ ಕೆಳಗಿನ ಕೋಣೆಯೇ ಪ್ರೆಸ್ಸು. ಬೀದಿಯ ಕಡೆಗೆ ಅಚ್ಚಿನ ಯಂತ್ರ, ನಡುವೆ ಕಾಗದ ಕತ್ತರಿಸುವ ಯಂತ್ರ, ಹಿಂದೆ ಕಿಟಕಿಯ ಬಳಿ ಅವಳ ಮೇಜು. ಪುಸ್ತಕ ಗಿಸ್ತಕ ಅಚ್ಚುಮಾಡುವ ದೊಡ್ಡ ಪ್ರೆಸ್ಸಲ್ಲ. ಔಷಧಿ ಶೀಶೆಯ ಮೇಲಿನ ಚೀಟಿ, ಸೋಪಿನ ಹೊದಿಕೆ, ಬೆಂಕಿಪೊಟ್ಟಣದ ಮುಖ, ಇಂಥವು. ಅವನ್ನೆಲ್ಲ ಬರೆಯುತ್ತಿದ್ದವಳು ಅವಳು. ಮೊದಲು ಕುಂಚದಲ್ಲಿ ಬರೆಯುತ್ತಿದ್ದಳು. ಆಮೇಲೆ ಕಂಪ್ಯೂಟರು ಬಂತು, ಅದರ ಜೊತೆಗೆ ಆ ಪ್ರೋಗ್ರಾಮೂ ಬಂತು. ಅದರ ರಟ್ಟಿನ ಡಬ್ಬಿಯ ಮೇಲೆ ಮಿಂಚುಳ್ಳಿಯ ಚಿತ್ರವಿತ್ತು. ಶುರುಮಾಡಿದರೆ ಪರದೆಯ ಮೇಲೂ ಒಂದು ಮಿಂಚುಳ್ಳಿ ನೀರಿಗೆ ಧುಮುಕಿ ಮೇಲೆದ್ದು ಬರುತ್ತಿತ್ತು. ಹಾಗಾಗಿ ಅದರ ನಿಜವಾದ ಹೆಸರು ಯಾರಿಗೂ ನೆನಪಿಲ್ಲ. ಮನೆಮಂದಿಗೆಲ್ಲ ಅದು ಮಿಂಚುಳ್ಳಿಯೇ.

ಮಿಂಚುಳ್ಳಿ ಹೆಸರಿಗಷ್ಟೇ ಮಿಂಚು. ಚಿತ್ರ ತೆರೆದರೆ ಒಂದೇ ಏಟಿಗೆ ಬರುತ್ತಿರಲಿಲ್ಲ. ಅವಳು ಯಾವುದನ್ನು ಮೊದಲು ಇಟ್ಟಿದ್ದಳೋ ಅದು ಮೊದಲು ಮೂಡುತ್ತಿತ್ತು, ಅದರ ಮೇಲೆ ಎರಡನೆಯದು, ಆಮೇಲೆ ಮೂರನೆಯದು. ಹೂವಿನ ಎಸಳು ಒಂದೊಂದಾಗಿ ಬಂದು ಕೂತ ಹಾಗೆ. ಗಿರಾಕಿಗಳು, "ಅಕ್ಕ, ನೀವು ತೆರೆದಿಟ್ಟಿರಿ, ನಾವು ಊಟ ಮುಗಿಸಿ ಬರ್ತೀವಿ" ಎಂದು ಹಾಸ್ಯ ಮಾಡುತ್ತಿದ್ದರು. ಅಜ್ಜನಿಗೆ ಮಾತ್ರ ಆ ನಿಧಾನ ಇಷ್ಟ. ಅವಳು ಬರೆಯುವಾಗ ಹಿಂದೆ ನಿಂತು ನೋಡಿದರೆ ಬೈಯುತ್ತಿದ್ದಳು. ಬರೆದದ್ದನ್ನು ತೆರೆಯುವಾಗ ನಿಂತರೆ ಬೈಗುಳವಿಲ್ಲ. ಅವಳ ಕೈ ಎಲ್ಲಿಂದ ಎಲ್ಲಿಗೆ ಹೋಯಿತೆಂದು ಬಿಟ್ಟಿಯಾಗಿ ಕಾಣುತ್ತಿತ್ತು.

ಇನ್ನೊಂದು ಪದ್ಧತಿಯಿತ್ತು, ಅದನ್ನೂ ಹೇಳಬೇಕು. ಮಿಂಚುಳ್ಳಿಯಲ್ಲಿ ಬಿಡಿಚಿತ್ರಗಳನ್ನೆಲ್ಲ ಬೇರೆ ಬೇರೆ ಬರೆದು ಒಂದು ಕಡೆ ಇಟ್ಟು, ಆಮೇಲೆ ಪರದೆಯ ಮೇಲಿನ ಹಾಳೆಯಲ್ಲಿ ಜೋಡಿಸಬೇಕು. ಬಿಡಿಚಿತ್ರಗಳನ್ನು ಇಡುವ ಜಾಗಕ್ಕೆ ಅವಳು "ಚೂರು" ಎಂದು ಹೆಸರಿಟ್ಟಿದ್ದಳು. ಯಂತ್ರದಲ್ಲಿ ಜಾಗ ಕಡಿಮೆ. ಆದ್ದರಿಂದ ಅಚ್ಚಿನ ಪ್ಲೇಟು ತಯಾರಾಗಿ ಬಂತೆಂದರೆ, "ಪ್ಲೇಟು ಬಂತು, ಚೂರು ತೆಗೀರಿ" ಎಂದು ಕೂಗುವಳು. ತೆಗೆಯುವ ಕೆಲಸ ಅಜ್ಜನದು. ಕತ್ತರಿ ಯಂತ್ರದ ಕೆಳಗೆ ಬಿದ್ದ ಕಾಗದದ ಅಂಚುಗಳನ್ನು ಗುಡಿಸಿ ಬುಟ್ಟಿಗೆ ಹಾಕುತ್ತಿದ್ದವನೂ ಅವನೇ, ಇದನ್ನು ಗುಡಿಸುತ್ತಿದ್ದವನೂ ಅವನೇ. ಜೋಡಿಸಿದ ಹಾಳೆ ಮಾತ್ರ ಉಳಿಯುತ್ತಿತ್ತು. ಮತ್ತೆ ಅದೇ ಚೀಟಿ ಬೇಕಾದರೆ ಪ್ಲೇಟು ಇದ್ದೇ ಇತ್ತು. ಹಳೆಯ ಹಾಳೆಯನ್ನು ತೆರೆದು ನೋಡುವ ಪ್ರಸಂಗವೇ ಅವನಿಗೆ ಬರಲಿಲ್ಲ.

ಕಾಯಿಲೆ ಬಂದ ಮೇಲೆ ಅವಳು ಚೀಟಿಗಳ ಕೆಲಸ ನಿಲ್ಲಿಸಿದಳು. ಆದರೆ ಮೈ ಸ್ವಲ್ಪ ಹಗುರಾದಾಗಲೆಲ್ಲ ಗೋಡೆ ಹಿಡಿದು ಇಳಿದುಬಂದು ಮೇಜಿನ ಮುಂದೆ ಕೂರುವಳು. ಪರದೆಯನ್ನು ಕಿಟಕಿಯ ಕಡೆಗೆ ತಿರುಗಿಸಿಕೊಳ್ಳುವಳು. ಯಾವ ಸೋಪಿನದು ಎಂದು ಅಜ್ಜ ಕೇಳಿದ. ಸೋಪಿನದಲ್ಲ, ನಮ್ಮ ಮನೆಯದು ಎಂದಳು. ಎಷ್ಟೋ ಕಂಪನಿಗಳ ಹೂವು, ಗಿಳಿ, ತೊಟ್ಟಿಲ ಮಗು ಎಲ್ಲ ಬರೆದಾಯಿತು, ನಮ್ಮದೊಂದನ್ನು ಬರೆಯಲಿಲ್ಲ ಎಂದಳು. ಅಜ್ಜ ಬಗ್ಗಿ ನೋಡಲು ಹೋದ.

"ಮುಗೀಲಿ, ತೋರಿಸ್ತೀನಿ. ಈಗಲೇ ಬಗ್ಗಿದ್ರೆ ನಿಮ್ಮ ಮೂಗು ಇನ್ನೂ ಉದ್ದ ಬರೆದುಬಿಡ್ತೀನಿ."

ಹಾಗಾಗಿ ಆ ಚಿತ್ರದಲ್ಲಿ ತಾನಿದ್ದೇನೆಂದು ಅಜ್ಜನಿಗೆ ಗೊತ್ತಿತ್ತು. ಅವಳ ಕಣ್ಣಿಗೆ ತಾನು ಹೇಗೆ ಕಂಡೆನೆಂಬುದು ಒಂದು ಬಾಳು ಜೊತೆಗಿದ್ದೂ ಗೊತ್ತಿರಲಿಲ್ಲ. ಕೇಳುವ ಮಾತೇ ಅದು? ಅವಳೂ ಹೇಳಿದವಳಲ್ಲ. ಅದು ಆ ಚಿತ್ರದಲ್ಲಿತ್ತು.

ಅವಳು ತೀರಿಕೊಂಡ ಮೇಲೆ, ಮನೆಗೆ ಬಂದವರೆಲ್ಲ ಹೊರಟುಹೋದ ಮೇಲೆ, ಅಜ್ಜ ಅವಳ ಮೇಜನ್ನು ಒರೆಸಿದ. ಕೀಲಿಮಣೆಯ ಸಂದುಗಳ ಧೂಳನ್ನು ಹಳೆಯ ಕುಂಚದಿಂದ ಬಿಡಿಸಿದ. ಕೆಲಸ ಮುಗಿಸಿ ಹೋದವಳ ಯಂತ್ರ ಹರವಿಕೊಂಡಿರಬಾರದು ಎಂದು, ಎಂದಿನ ಪದ್ಧತಿಯಂತೆ ಒಳಗೂ ಗುಡಿಸಿ ಓರಣಮಾಡಿದ. ಮನೆಯ ಚಿತ್ರದ ಹಾಳೆಯನ್ನು ಒಂದು ಫ್ಲಾಪಿಗೆ ಇಳಿಸಿಕೊಂಡ. ಅಷ್ಟು ದಿನದ ಕೆಲಸ ಅಂಗೈಯಗಲದ ಒಂದು ಫ್ಲಾಪಿಯಲ್ಲಿ ಹಿಡಿಯಿತಲ್ಲ ಎಂದು ಆಶ್ಚರ್ಯಪಟ್ಟು, ಅದನ್ನು ದೇವರ ಪಟದ ಹಿಂದೆ ಇಟ್ಟ. ತೆರೆದು ನೋಡಲು ಮಾತ್ರ ಅಂದು ಧೈರ್ಯ ಬರಲಿಲ್ಲ. ಕಣ್ಣೀರು ನಿಲ್ಲಲಿ, ಕಣ್ಣು ತಿಳಿಯಾದಾಗ ನೋಡೋಣ ಎಂದುಕೊಂಡ.

ಕಣ್ಣು ತಿಳಿಯಾಗುವಷ್ಟರಲ್ಲಿ ಯಂತ್ರ ಕೆಟ್ಟಿತು. ಗುಂಡಿ ಒತ್ತಿದರೆ ಒಳಗಿನ ಡಿಸ್ಕು ಟಿಕ್ ಟಿಕ್ ಎಂದು ಎರಡು ಸಲ ಅಂದು ಸುಮ್ಮನಾಗುತ್ತಿತ್ತು. ರಿಪೇರಿಯವನು ಬಿಚ್ಚಿ ನೋಡಿ, ಇದರ ಜೀವ ಹೋಗಿದೆ, ಒಳಗಿರುವುದೂ ಅದರ ಜೊತೆಗೇ ಹೋದ ಹಾಗೆ ಎಂದ. ಹೋಗಲಿ, ಫ್ಲಾಪಿ ಇದೆ ಎಂದು ಅಜ್ಜ ಸಮಾಧಾನ ಮಾಡಿಕೊಂಡ.

ಆತನ ಮಗಳು ಔಷಧಿ ಅಂಗಡಿಯಲ್ಲಿ ಕೆಲಸ ಮಾಡುವವಳು. ಅಲ್ಲಿಗೆ ಬರುವ ಚೀಟಿಗಳಲ್ಲಿ ಎಷ್ಟೋ ಅವಳ ಅಮ್ಮನೇ ಬರೆದವು. ಅವಳು ತನ್ನ ಹೊಸ ಕಂಪ್ಯೂಟರಿನಲ್ಲಿ ಪ್ರಯತ್ನಿಸಿದಳು. ಅದಕ್ಕೆ ಹಾಳೆಯ ಗುರುತೇ ಹತ್ತಲಿಲ್ಲ. ಮಿಂಚುಳ್ಳಿ ಮಾಡಿದ ಕಂಪನಿಯನ್ನು ಹುಡುಕಿದಳು. ಆ ಕಂಪನಿಯನ್ನು ಇನ್ನೊಂದು ನುಂಗಿತ್ತು, ಅದನ್ನು ಮತ್ತೊಂದು. ಕೊನೆಗೆ ಫೋನಿನಲ್ಲಿ ಸಿಕ್ಕವನೊಬ್ಬ, ಬಹಳ ಮರ್ಯಾದಸ್ಥ, ಅಂಥದೊಂದು ಪ್ರೋಗ್ರಾಮು ತಮ್ಮಲ್ಲಿ ಎಂದೂ ಇರಲಿಲ್ಲ ಎಂದ. ಅದರ ಡಬ್ಬಿ ನನ್ನ ತೊಡೆಯ ಮೇಲಿದೆ ಎಂದು ಮಗಳು ಹೇಳಿದಳು. ಅವನು ಮತ್ತೆ ಅಷ್ಟೇ ಮರ್ಯಾದೆಯಿಂದ, ಇನ್ನೇನಾದರೂ ಸಹಾಯ ಬೇಕೇ ಎಂದು ಕೇಳಿದ.

ಆಗ ಯಾರೋ ಡಬ್ಬಿ ಟೀಚರ ಸುದ್ದಿ ಹೇಳಿದರು. ಶಾಲೆಯಲ್ಲಿ ಕಂಪ್ಯೂಟರ್ ಕಲಿಸಿ ನಿವೃತ್ತಿಯಾದ ಹೆಂಗಸು. ಕೊಡೆ ಅಂಗಡಿಯ ಮಾಳಿಗೆಯ ಮೇಲೆ ಒಂಟಿಯಾಗಿ ಇರುತ್ತಾಳೆ. ಜಗತ್ತು ಬಿಸಾಕಿದ ಪ್ರೋಗ್ರಾಮುಗಳನ್ನೆಲ್ಲ ಸಾಕಿಕೊಂಡಿದ್ದಾಳೆ ಎಂದು. ತಂದೆ ಮಗಳು ಇಬ್ಬರೂ ಹೋದರು. ಮೆಟ್ಟಿಲ ಮೇಲೂ ಡಬ್ಬಿ, ಮಂಚದ ಕೆಳಗೂ ಡಬ್ಬಿ. ಮಸುಕಾದ ರಟ್ಟಿನ ಮೇಲೆ ಬಣ್ಣದ ಗರಿ, ಪೆನ್ಸಿಲು, ಕಾಮನಬಿಲ್ಲು. ಎಲ್ಲ ಚಿತ್ರ ಬರೆಯುವ ಪ್ರೋಗ್ರಾಮುಗಳೇ, ಎಲ್ಲ ನಿಂತುಹೋದವೇ. ಕೂರಲು ಇದ್ದ ಕುರ್ಚಿ ಒಂದೇ. ಅದರ ಮೇಲಿದ್ದ ಹಳೆಯ ಕಂಪ್ಯೂಟರನ್ನು ಟೀಚರು ಮಗುವನ್ನು ಎತ್ತುವಂತೆ ಎತ್ತಿ ಹಾಸಿಗೆಯ ಮೇಲಿಟ್ಟು, ಅಜ್ಜನಿಗೆ ಜಾಗ ಮಾಡಿಕೊಟ್ಟಳು.

ಅಜ್ಜ ತನ್ನ ಮಿಂಚುಳ್ಳಿ ಡಬ್ಬಿಯನ್ನು ಬಿಚ್ಚಿದ. ಅದರಲ್ಲಿದ್ದ ಮೂಲ ಡಿಸ್ಕುಗಳಲ್ಲಿ ಒಂದಕ್ಕೆ ಬೂಷ್ಟು ಹಿಡಿದಿತ್ತು. ಆ ಒಂದಿಲ್ಲದೆ ಉಳಿದವು ಕೆಲಸಕ್ಕೆ ಬಾರವು ಎಂದು ಟೀಚರು ಹೇಳಿದಳು. ತನ್ನಲ್ಲಿ ಮಿಂಚುಳ್ಳಿ ಇಲ್ಲ. ಆದರೆ ತನ್ನಂಥ ಹುಚ್ಚರು ದೇಶದೇಶಗಳಲ್ಲಿ ಇದ್ದಾರೆ, ಬಿಟ್ಟುಹೋದ ಪ್ರೋಗ್ರಾಮುಗಳ ಪ್ರತಿ ಮಾಡಿ ಒಬ್ಬರಿಗೊಬ್ಬರು ಕೊಟ್ಟು ಕಾಪಾಡುತ್ತಾರೆ, ಕೇಳಿನೋಡೋಣ ಎಂದಳು.

ಅಜ್ಜನಿಗೆ ಅಳುಕಾಯಿತು. ಮಾಡಿದವರ ಅಪ್ಪಣೆಯಿಲ್ಲದೆ ತೆಗೆದುಕೊಂಡರೆ ಕಳವಲ್ಲವೇ ಎಂದು ಕೇಳಿದ. ಕಳವಿನ ಕೀಲಿಯಿಂದ ತೆರೆದರೆ ಆ ಚಿತ್ರಕ್ಕೆ ದೋಷ ತಗಲೀತು ಎಂಬುದು ಅವನ ಭಯ.

ಟೀಚರು ನಗಲಿಲ್ಲ. "ಕಾನೂನು ಕೇಳಿದ್ರೆ ತಪ್ಪು ಅಂತಲೇ ಹೇಳೀತು ಅಜ್ಜ. ಆದ್ರೆ ಅಪ್ಪಣೆ ಕೇಳೋಕೆ ಆ ಮನೇಲಿ ಯಾರೂ ಇಲ್ಲ. ಅದು ನನ್ನದು ಅನ್ನೋರೇ ಇಲ್ಲ. ನೀವೇನೋ ಕೊಂಡವರು, ಡಬ್ಬಿ ಕೈಯಲ್ಲೇ ಇದೆ. ಕೋಣೆ ಕೂಸು ಕೊಳೀತು, ಓಣಿ ಕೂಸು ಬೆಳೀತು ಅಂತಾರಲ್ಲ, ಹಾಗೆ. ಬೀಗ ಹಾಕಿ ಭದ್ರವಾಗಿ ಇಟ್ಟಿದ್ದೆಲ್ಲ ಬೂಷ್ಟು ಹಿಡೀತು. ಊರ ತುಂಬ ಹಂಚಿದ್ದು ಬದುಕಿಕೊಂಡಿತು."

ಫ್ಲಾಪಿಯಲ್ಲಿ ಎಲ್ಲವೂ ಇದೆಯೇ ಎಂದೂ ಅವಳು ಕೇಳಿದಳು. ಬೇಕಾದದ್ದೆಲ್ಲ ಇದೆ, ನಾನೇ ಓರಣಮಾಡಿ ಇಳಿಸಿದ್ದೇನೆ ಎಂದು ಅಜ್ಜ ಹೇಳಿದ. ಆಗ ಅವಳು ಫ್ಲಾಪಿಯದೊಂದು ಪ್ರತಿ ಮಾಡಿಕೊಂಡು, ಮೂಲವನ್ನು ಎರಡೂ ಕೈಯಲ್ಲಿ ಹಿಂದಕ್ಕೆ ಕೊಟ್ಟಳು.

ಕಾಯುವುದು ಶುರುವಾಯಿತು. ಅಜ್ಜ ಬೆಳಗಿನ ಬೇಡಿಕೆಯನ್ನು ಬಿಡಲಿಲ್ಲ. ಹಗಲಲ್ಲಿ ಪ್ರೆಸ್ಸಿಗೆ ಇಳಿದು, ಓಡದ ಯಂತ್ರಕ್ಕೆ ಎಣ್ಣೆ ಬಿಡುತ್ತಿದ್ದ. ನಡುನಡುವೆ ಟೀಚರಿಗೆ ಫೋನು ಮಾಡುತ್ತಿದ್ದ. ಒಬ್ಬರ ಬಳಿ ಇತ್ತಂತೆ, ಆದರೆ ಅವರು ಅಂಥವನ್ನೆಲ್ಲ ಇಟ್ಟಿದ್ದ ಇಂಟರ್ನೆಟ್ಟಿನ ತಾಣವನ್ನು ಕಂಪನಿಯ ವಕೀಲರು ನೋಟೀಸು ಕಳಿಸಿ ಮುಚ್ಚಿಸಿದರಂತೆ. ಫೋನಿನಲ್ಲಿ ಅಂಥ ಪ್ರೋಗ್ರಾಮೇ ಇಲ್ಲ ಎಂದವರು, ಅದನ್ನು ಇಟ್ಟುಕೊಳ್ಳಬೇಡಿ ಎನ್ನಲು ಮಾತ್ರ ಹೇಗೆ ಬಂದರೆಂದು ಅಜ್ಜನಿಗೆ ಅರ್ಥವಾಗಲಿಲ್ಲ. "ದೇವರು ವರ ಕೊಟ್ಟರೂ ಪೂಜಾರಿ ಕೊಡಬೇಕಲ್ಲ" ಎಂದು ಟೀಚರು ಅಂದಳು. ಇನ್ನೊಬ್ಬರನ್ನು ಕೇಳಿದಳು. ಅವರು ಮತ್ತೊಬ್ಬರನ್ನು ತೋರಿಸಿದರು. ಅಜ್ಜ ಏನು ಮಾಡಬಲ್ಲ? ಮುಖ ಕಾಣದ ಜನರ ಅಟ್ಟಗಳ ಮೇಲೆ ತನ್ನ ಮನೆಯ ಕೀಲಿಗಾಗಿ ಯಾರೋ ತಡಕಾಡುತ್ತಿದ್ದಾರೆ, ಅವರ ಕೈಗೆ ಕಸುವು ಕೊಡಪ್ಪ ಎಂದು ಬೇಡುವುದಷ್ಟೇ ಅವನಿಂದಾಗುತ್ತಿದ್ದುದು.

ಕೊನೆಗೊಂದು ದಿನ ಟೀಚರೇ ಫೋನು ಮಾಡಿದಳು. ಎಲ್ಲೋ ದೂರದಲ್ಲಿ, ಸಮುದ್ರದಾಚೆ, ವಿಧವೆಯೊಬ್ಬಳು ತನ್ನ ಗಂಡನ ಮಿಂಚುಳ್ಳಿ ಡಬ್ಬಿಯನ್ನು ಬಿಸಾಡದೆ ಇಟ್ಟಿದ್ದಳಂತೆ. ಇಲ್ಲಿ ಬೂಷ್ಟು ಹಿಡಿದ ಡಿಸ್ಕೇ ಅಲ್ಲಿ ಚೆನ್ನಾಗಿತ್ತು. ಅದರ ಪ್ರತಿ ಬಂದಿದೆ, ಮಧ್ಯಾಹ್ನ ಬನ್ನಿ ಎಂದಳು.

ಅಜ್ಜ ಮಡಿಕೆ ಕೆಡದ ಅಂಗಿ ಹಾಕಿಕೊಂಡ. ಕನ್ನಡಕವನ್ನು ಹೆಂಡತಿಯ ಕರವಸ್ತ್ರದಿಂದ ಒರೆಸಿಕೊಂಡ. ಮೆಟ್ಟಿಲು ಹತ್ತುವಾಗ ಮಗಳು ಕೈ ಹಿಡಿಯಬಂದರೆ, "ಬಿಡೇ, ಹೆಣ್ಣು ನೋಡೋಕೆ ನಿನ್ನ ಅಮ್ಮನ ಮನೆಗೆ ಹೋಗಿದ್ದಾಗಲೂ ಒಬ್ಬನೇ ಹತ್ತಿದ್ದೆ" ಎಂದ. ಮಗಳಿಗೆ ಎಷ್ಟೋ ತಿಂಗಳ ಮೇಲೆ ಅಪ್ಪನ ಬಾಯಲ್ಲಿ ಒಂದು ಹಾಸ್ಯ ಕೇಳಿದಂತಾಯಿತು.

ಟೀಚರು ಹೊಸ ಕಂಪ್ಯೂಟರಿನೊಳಗೆ ಹಳೆಯದೊಂದರ ವೇಷ ಕಟ್ಟಿದ್ದಳು. ಮಿಂಚುಳ್ಳಿಗೆ ತಾನು ಹಳೆಯ ಮನೆಯಲ್ಲೇ ಇದ್ದೇನೆ ಅನ್ನಿಸಬೇಕು. ಗುಂಡಿ ಒತ್ತಿದಳು. ನೀಲಿ ಹಕ್ಕಿ ನೀರಿಗೆ ಧುಮುಕಿತು, ಮೇಲೆದ್ದಿತು. ಅಜ್ಜ ಕೈಮುಗಿದ. ಯಾರಿಗೆ ಮುಗಿದನೆಂದು ಅವನಿಗೂ ಗೊತ್ತಿಲ್ಲ.

ಫ್ಲಾಪಿಯಲ್ಲಿದ್ದ ಹಾಳೆಯನ್ನು ತೆರೆಯುವ ಮುಂಚೆ ಅಜ್ಜ ಟೀಚರನ್ನು ತಡೆದ. ಹೊಸ ಯಂತ್ರವಲ್ಲವೇ, ಎಲ್ಲ ಒಟ್ಟಿಗೆ ಬಂದು ಬೀಳುತ್ತದೆ; ನನಗೆ ಮೊದಲಿನ ಹಾಗೆ ನಿಧಾನವಾಗಿ ಬರಬೇಕು, ಅವಳು ಇಟ್ಟ ಕ್ರಮದಲ್ಲಿ, ಎಂದ. ಟೀಚರು ಯಂತ್ರದ ವೇಗವನ್ನು ಇಳಿಸಿದಳು. ಜಗತ್ತೆಲ್ಲ ಬೇಗ ಮಾಡು ಅನ್ನುತ್ತದೆ, ನಿಧಾನ ಮಾಡು ಎಂದವರು ನೀವೇ ಮೊದಲು ಎಂದಳು. ಆಮೇಲೆ ಹಾಳೆಯನ್ನು ತೆರೆದಳು.

ಬಿಳಿಯ ಹಾಳೆ ಬಂತು. ಅದರ ಮೇಲೆ ಒಂದು ಬೂದುಬಣ್ಣದ ಚೌಕ ಮೂಡಿತು. ಮೂಲೆಯಿಂದ ಮೂಲೆಗೆ ಎರಡು ಗೆರೆ ಎಳೆದು ಹೊಡೆದುಹಾಕಿದ ಹಾಗಿತ್ತು. ನಡುವೆ ಸಣ್ಣ ಅಕ್ಷರದಲ್ಲಿ "ಗೋಡೆ" ಎಂದಿತ್ತು. ಅಜ್ಜ ಮುಂದಕ್ಕೆ ಬಾಗಿದ. ಇದರ ಮೇಲೆ ಬಣ್ಣ ಬರುತ್ತದೆ ಎಂದುಕೊಂಡ. ಎರಡನೆಯ ಚೌಕ ಬಂತು: "ಕಿಟಕಿ". ಆಮೇಲೆ "ಮೇಜು". ಆಮೇಲೆ ಒಂದು ಉದ್ದನೆಯದು, "ಕತ್ತರಿ ಯಂತ್ರ". ಅದರ ಬುಡದಲ್ಲಿ ಪುಟ್ಟದೊಂದು, "ಬುಟ್ಟಿ". ಒಂದೊಂದೂ ಬರಿಯ ಬೂದು, ಒಂದೊಂದಕ್ಕೂ ಆ ಎರಡು ಗೆರೆ.

ಟೀಚರ ಕೈ ನಿಂತುಹೋಗಿತ್ತು. ಅವಳಿಗೆ ಗೊತ್ತಾಗಿತ್ತು.

"ಚಿತ್ರ ಎಲ್ಲಮ್ಮ?" ಎಂದು ಅಜ್ಜ ಕೇಳಿದ.

ಅವಳು ಮೆಲ್ಲಗೆ ಹೇಳಿದಳು. ಈ ಹಾಳೆಯಲ್ಲಿ ಚಿತ್ರ ಇರುವುದಿಲ್ಲ. ಯಾವ ಚಿತ್ರ ಎಲ್ಲಿ ಕೂರಬೇಕು ಎಂಬ ಜಾಗ ಮಾತ್ರ ಇರುತ್ತದೆ. ತೆರೆದಾಗ ಮಿಂಚುಳ್ಳಿ ಬಿಡಿಚಿತ್ರಗಳನ್ನು ಹುಡುಕಿ ತಂದು ಕೂರಿಸುತ್ತದೆ. ಸಿಗದಿದ್ದರೆ ಖಾಲಿ ಚೌಕ ತೋರಿಸುತ್ತದೆ. ಅವನ್ನು ನಿಮ್ಮ ಮನೆಯವರು ಬೇರೆ ಕಡೆ ಇಟ್ಟಿರಬೇಕು, ಮನೆಯಲ್ಲಿ ಇನ್ನೊಂದು ಫ್ಲಾಪಿ ಏನಾದರೂ ಇದೆಯೇ, ನೆನಪು ಮಾಡಿಕೊಳ್ಳಿ ಎಂದಳು.

ಅಜ್ಜನಿಗೆ ನೆನಪು ಮಾಡಿಕೊಳ್ಳಬೇಕಾದ್ದು ಏನೂ ಇರಲಿಲ್ಲ. "ಚೂರು ಅಂತಲೇ ಕರೀತಿದ್ದಳು. ಚೂರು ತೆಗೀರಿ ಅಂತಿದ್ದಳು. ತೆಗೆದೆ."

ಮಗಳು ಅಪ್ಪನ ಭುಜದ ಮೇಲೆ ಕೈಯಿಟ್ಟಳು. ನೀವು ಬೇಕೆಂದು ಮಾಡಿದ್ದಲ್ಲವಲ್ಲ ಅಪ್ಪ ಎಂದಳು. ಅವನಿಗೆ ಅದು ಕೇಳಿಸಿದಂತೆ ಕಾಣಲಿಲ್ಲ. ಪ್ಲೇಟು ಬಂದಿರಲಿಲ್ಲ, ಈ ಚಿತ್ರಕ್ಕೆ ಪ್ಲೇಟೇ ಇರಲಿಲ್ಲ ಎಂದು ತನಗೆ ತಾನೇ ಹೇಳಿಕೊಳ್ಳುತ್ತಿದ್ದ.

ಆಮೇಲೆ ಟೀಚರ ಕಡೆಗೆ ತಿರುಗಿ, ಸಮುದ್ರದಾಚೆಯ ಆ ತಾಯಿಯನ್ನು ಕೇಳಿದರೆ ಆಗುತ್ತದೆಯೇ ಎಂದ. ಕೇಳಿ ಪ್ರಯೋಜನವಿಲ್ಲವೆಂದು ಅವನಿಗೆ ಗೊತ್ತು. ಆದರೂ ಮುಳುಗುವವನು ಹುಲ್ಲುಕಡ್ಡಿ ಹಿಡಿದಂತೆ ಕೇಳಿದ.

ಟೀಚರು ಕನ್ನಡಕ ತೆಗೆದಳು. "ಮಿಂಚುಳ್ಳಿ ಊರೂರಲ್ಲಿ ಇತ್ತು ಅಜ್ಜ, ಅದಕ್ಕೇ ಎಲ್ಲೋ ಒಂದು ಕಡೆ ಉಳಿದಿತ್ತು. ಇದು ಒಂದೇ ಮನೇಲಿ ಇತ್ತು. ಇದನ್ನ ನಾನು ಯಾರ ಹತ್ತಿರ ಕೇಳಲಿ?"

ಮಾತಾಡುತ್ತಿದ್ದಂತೆಯೇ ಯಂತ್ರ ತನ್ನ ಪಾಡಿಗೆ ತಾನು ಚೌಕಗಳನ್ನು ತರುತ್ತಿತ್ತು. ನಿಧಾನ ಮಾಡೆಂದು ಅವನೇ ಹೇಳಿದ್ದನಲ್ಲ. ಮೆಟ್ಟಿಲಿರಬೇಕಾದ ಕಡೆ "ಮೆಟ್ಟಿಲು" ಬಂತು. ಅದರ ಮೇಲೊಂದು ಗಿಡ್ಡನೆಯ ಚೌಕ, "ಮಗಳು". ಅವಳು ಶಾಲೆಯಿಂದ ಬಂದು ಕೂರುತ್ತಿದ್ದ ಜಾಗವೇ. ಮಗಳು ಬಾಯಿಗೆ ಸೆರಗು ಒತ್ತಿಕೊಂಡಳು. ಸಾಕು ಅಪ್ಪ, ಮುಚ್ಚಿಸೋಣ ಎಂದಳು. ಅಜ್ಜ ಕೈಯಾಡಿಸಿ ಬೇಡ ಎಂದ.

ಕತ್ತರಿ ಯಂತ್ರದ ಪಕ್ಕದಲ್ಲಿ, ಆತ ದಿನವೂ ನಿಲ್ಲುತ್ತಿದ್ದ ಜಾಗದಲ್ಲಿ, ಎತ್ತರದ ಒಂದು ಚೌಕ ಮೂಡಿತು. ಅದರ ನಡುವೆ ಬರೆದಿತ್ತು: "ಇವರು".

ಗಂಡನ ಹೆಸರನ್ನು ಅವಳು ಎಂದೂ ಹೇಳಿದವಳಲ್ಲ. ಗಿರಾಕಿಗಳ ಮುಂದೆಯೂ ಇವರು, ವೈದ್ಯರ ಮುಂದೆಯೂ ಇವರು. ಅಜ್ಜ ಬೆರಳಿನಿಂದ ಪರದೆಯ ಮೇಲೆ ಆ ಚೌಕದ ಸುತ್ತ ಸವರಿದ. ಮೇಲಿನಿಂದ ಕೆಳಗೆ, ಕೆಳಗಿನಿಂದ ಮೇಲೆ. ಇಷ್ಟು ಎತ್ತರ ಬರೆದಿದ್ದಳು. ಕಿಟಕಿಗಿಂತ ಎತ್ತರ. ಅಷ್ಟೆತ್ತರದ ಮನುಷ್ಯ ತಾನಲ್ಲ. ಕಿಟಕಿಯ ಮೇಲಿನ ಚಿಲಕ ಅವನಿಗೆ ಎಂದೂ ಎಟುಕಿದ್ದಿಲ್ಲ. ಆ ಎತ್ತರದ ಒಳಗೆ ಯಾವ ಮುಖವಿತ್ತು, ಯಾವ ಮೂಗಿತ್ತು, ನಗುತ್ತಿತ್ತೇ, ಸಿಡುಕುತ್ತಿತ್ತೇ? ಎರಡು ಗೆರೆ ಮಾತ್ರ ಇದ್ದವು.

ಇನ್ನು ಅವಳದು ಬರುತ್ತದೆ ಎಂದು ಕಾದ. ಮೇಜಿನ ಮುಂದೆ ಜಾಗ ಹಾಗೇ ಇತ್ತು. ಅಲ್ಲಿ ಏನೂ ಬರಲಿಲ್ಲ. ಮುಗಿಯಿತು ಅಜ್ಜ ಎಂದು ಟೀಚರು ಹೇಳಿದಳು. ಹೆಂಡತಿ ಎಂದೂ ಎಲ್ಲರಿಗೂ ಬಡಿಸಿ ತಾನು ಕೊನೆಗೆ ಊಟಕ್ಕೆ ಕೂರುವವಳು. ಚಿತ್ರದಲ್ಲೂ ಹಾಗೇ ಮಾಡಿದ್ದಳು, ಅಷ್ಟರಲ್ಲಿ ಮೇಲಿನಿಂದ ಕರೆ ಬಂದಿತ್ತು.

"ಇನ್ನೊಂದು ಸಲ ತೆರೀರಿ," ಎಂದ ಅಜ್ಜ. "ಇಷ್ಟೇ ನಿಧಾನವಾಗಿ."

ಟೀಚರು ತೆರೆದಳು. ಗೋಡೆ ಬಂತು, ಕಿಟಕಿ ಬಂತು, ಮೇಜು ಬಂತು. ಕೆಳಗಿನ ಅಂಗಡಿಯಲ್ಲಿ ಯಾರೋ ಕೊಡೆ ಬಿಚ್ಚಿ ಮುಚ್ಚಿ ಪರೀಕ್ಷೆ ಮಾಡುತ್ತಿದ್ದರು.

ಮರುದಿನ ಬೆಳಿಗ್ಗೆ ಅಜ್ಜ ಎಂದಿನಂತೆ ಮುಖ ತೊಳೆದು ದೇವರ ಮುಂದೆ ಕೂತ. ಫ್ಲಾಪಿ ಪಟದ ಹಿಂದೆ ಇತ್ತು. ಕೈಮುಗಿದ. ತೆರೆಯುವ ಹಾಗೆ ಮಾಡು ಎಂದು ಬೇಡಿದ್ದ, ತೆರೆದಿತ್ತು. ದೇವರ ಕಡೆಯಿಂದ ಏನೂ ತಪ್ಪಿರಲಿಲ್ಲ. ಇನ್ನು ಏನು ಬೇಡಬೇಕೆಂದು ಅಜ್ಜ ಬಹಳ ಹೊತ್ತು ಯೋಚಿಸಿದ. ಮುಗಿದ ಕೈಯನ್ನು ಬಿಡಿಸುವುದೂ ತಿಳಿಯದೆ, ಮಗಳು ಬಂದು ಕರೆಯುವವರೆಗೆ ಹಾಗೆಯೇ ಕೂತಿದ್ದ.